ಪ್ರಕರಣ ಬಾಕಿ ಇದ್ದರೆ ಸಾಲದು, ತಡೆಯಾಜ್ಞೆ ಕೈಯಲ್ಲಿರಬೇಕು

ಪ್ರಶ್ನೆ: ದಾವಣಗೆರೆಯಲ್ಲಿ 2011ರಿಂದ ನನ್ನ ಹೆಸರಿನಲ್ಲೇ ಒಂದು ಮಳಿಗೆಯನ್ನು ಬಾಡಿಗೆಗೆ ಪಡೆದು ಹೊಲಿಗೆ ಮತ್ತು ರವಿಕೆ ಬಟ್ಟೆಯ ವ್ಯಾಪಾರ ನಡೆಸುತ್ತಿದ್ದೇನೆ. ಹನ್ನೆರಡು ಅಡಿ ಅಗಲ, ಹದಿನೆಂಟು ಅಡಿ ಉದ್ದದ ಅಂಗಡಿ. ಈಗಿನ ಬಾಡಿಗೆ 9,000 ರೂಪಾಯಿ, ಮುಂಗಡ ಒಂದೂವರೆ ಲಕ್ಷ. ಮೊದಲ ಸಲ ಹನ್ನೊಂದು ತಿಂಗಳ ಕರಾರು ಬರೆದುಕೊಂಡಿದ್ದೆವು, ಆಮೇಲೆ ಬರೆಯಲೇ ಇಲ್ಲ. ಹಳೆಯ ಮಾಲೀಕರು ತೀರಿಕೊಂಡ ಮೇಲೆ ಅವರ ಮಗ, ಕಟ್ಟಡ ಕೆಡವಿ ಹೊಸದು ಕಟ್ಟಬೇಕು ಎಂದು ವಕೀಲರ ಮೂಲಕ ನೋಟಿಸ್ ಕಳಿಸಿದರು. ಪರಿಚಯದ ವಕೀಲರೊಬ್ಬರಿಗೆ ಅದನ್ನು ಕೊಟ್ಟೆ, ‘ನೋಡಿಕೊಳ್ಳುತ್ತೇನೆ’ ಎಂದರು. ಮಗಳ ಬಾಣಂತನಕ್ಕೆಂದು ಎರಡು ತಿಂಗಳು ಧಾರವಾಡದಲ್ಲಿದ್ದಾಗ ಸಮನ್ಸ್ ಬಂದು ಅಂಗಡಿಯ ಶಟರಿಗೆ ಅಂಟಿಸಿ ಹೋದರಂತೆ. ನನಗೆ ತಿಳಿಯಲೇ ಇಲ್ಲ. ನವೆಂಬರಿನಲ್ಲಿ ಏಕಪಕ್ಷೀಯ ಡಿಕ್ರಿ, ಅಂದರೆ ನನ್ನ ಗೈರಿನಲ್ಲೇ ಅಂಗಡಿ ತೆರವಿಗೆ ತೀರ್ಪು, ಆಗಿದೆ. ಏಪ್ರಿಲ್ ಮೊದಲ ವಾರ ಕೋರ್ಟ್ ಅಮೀನರು ವಾರಂಟ್ ಹಿಡಿದು ಬಂದಾಗಲೇ ವಿಷಯ ಗೊತ್ತಾದದ್ದು. ಗಿರಾಕಿಗಳ ಬಟ್ಟೆ ಒಳಗಿದೆ ಎಂದು ಬೇಡಿಕೊಂಡ ಮೇಲೆ ಅಂದು ಮರಳಿ ಹೋದರು. ನಮ್ಮ ವಕೀಲರು ತೀರ್ಪಿನ ನಕಲು ಬರಲಿ ಎಂದು ಕಾದು, ಜೂನ್ ಮಧ್ಯದಲ್ಲಿ ಡಿಕ್ರಿ ರದ್ದುಪಡಿಸುವ ಅರ್ಜಿ ಹಾಕಿದರು. ಅಲ್ಲಿಂದ ತಾರೀಖಿನ ಮೇಲೆ ತಾರೀಖು. ತಡೆಯಾಜ್ಞೆ ಕೇಳಿ ಎಂದರೆ ‘ಕೇಸು ನಡೆಯುತ್ತಿದೆಯಲ್ಲ, ಏನೂ ಆಗುವುದಿಲ್ಲ’ ಎನ್ನುತ್ತಾರೆ. ಹನ್ನೆರಡು ವರ್ಷ ದಾಟಿರುವುದರಿಂದ ನನ್ನನ್ನು ಯಾರೂ ಎಬ್ಬಿಸಲಾರರು ಎಂದು ಅಕ್ಕಪಕ್ಕದ ಅಂಗಡಿಯವರು ಧೈರ್ಯ ಹೇಳುತ್ತಾರೆ. ಮಾಲೀಕರು ಬಾಡಿಗೆ ತೆಗೆದುಕೊಳ್ಳುತ್ತಿಲ್ಲ. ಡಿಕ್ರಿ ಆಗಿ ಹತ್ತು ತಿಂಗಳಾಯಿತು. ನಾನು ಮೇಲ್ಮನವಿ ಹಾಕಬೇಕೇ? ಹೀಗೆ ತಡವಾಗುತ್ತಿರುವುದು ನನಗೆ ಒಳ್ಳೆಯದೋ, ಕೆಟ್ಟದ್ದೋ?

ಉತ್ತರ: ನಿಮ್ಮ ಪತ್ರದಲ್ಲಿ ಹಲವು ಪ್ರಶ್ನೆಗಳಿದ್ದರೂ ಆತಂಕ ಒಂದೇ: ನಾಳೆ ಬೆಳಿಗ್ಗೆ ಅಮೀನರು ಮತ್ತೆ ಬಂದರೆ ಅಂಗಡಿ ಉಳಿಯುತ್ತದೆಯೇ? ಈಗಿನ ಸ್ಥಿತಿಯಲ್ಲಿ ಉಳಿಯುವುದಿಲ್ಲ. ಡಿಕ್ರಿ ರದ್ದುಪಡಿಸಿ ಎಂದು ಅರ್ಜಿ ಹಾಕಿದ ಮಾತ್ರಕ್ಕೆ ಡಿಕ್ರಿಯ ಬಲ ಕುಗ್ಗುವುದಿಲ್ಲ. ಮೇಲ್ಮನವಿ ಹಾಕಿದರೂ ಅಷ್ಟೇ. ಮೇಲ್ಮನವಿ ಸಲ್ಲಿಸಿದ್ದೇ ತಡೆಯಾಜ್ಞೆಯಾಗದು ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 5 ಬಿಡಿಸಿ ಹೇಳುತ್ತದೆ. ನ್ಯಾಯಾಧೀಶರು ಸಹಿ ಮಾಡಿದ ತಡೆಯಾಜ್ಞೆ ಇಲ್ಲದವರೆಗೆ ಮಾಲೀಕರು ವಾರಂಟನ್ನು ಮತ್ತೆ ಹೊರಡಿಸಬಹುದು, ಅಗತ್ಯವಿದ್ದರೆ ಪೊಲೀಸ್ ನೆರವು ಕೇಳಬಹುದು, ಬೀಗ ಒಡೆದು ಸ್ವಾಧೀನ ಪಡೆಯಬಹುದು. ‘ಏನೂ ಆಗುವುದಿಲ್ಲ’ ಎಂಬ ಮಾತನ್ನು ನಂಬಿ ಕುಳಿತವರ ಸಾಮಾನು ರಸ್ತೆಗೆ ಬಂದದ್ದನ್ನು ನಾನು ವೃತ್ತಿಯಲ್ಲಿ ಹಲವು ಬಾರಿ ಕಂಡಿದ್ದೇನೆ. ಅದಕ್ಕೇ ಈ ಮಾತನ್ನು ಮೊದಲು ಹೇಳುತ್ತಿದ್ದೇನೆ.

ಏಪ್ರಿಲ್‌ನಲ್ಲಿ ನಿಮಗೆ ಮುನ್ಸೂಚನೆಯಿಲ್ಲದೆ ವಾರಂಟ್ ಬಂದದ್ದು ಅನ್ಯಾಯ ಎನಿಸಿರಬೇಕು. ಆದರೆ ಅದು ಕಾನೂನಿನ ಪ್ರಕಾರವೇ ನಡೆದಿದೆ. ಡಿಕ್ರಿಯಾಗಿ ಎರಡು ವರ್ಷ ಕಳೆದ ಮೇಲೆ ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿಯನ್ನು ಜಾರಿಗೆ ತರಿಸುವ ಅರ್ಜಿ, ಹಾಕಿದರೆ ಮಾತ್ರ ಸಾಮಾನ್ಯವಾಗಿ ಎದುರು ಪಕ್ಷಕ್ಕೆ ಮೊದಲು ನೋಟಿಸ್ ಕೊಡಬೇಕು. ಎರಡು ವರ್ಷದ ಒಳಗಾದರೆ ನೇರವಾಗಿ ವಾರಂಟ್ ಹೊರಡಬಹುದು. ಅದರ ಮೇಲೆ, ಅಮಲ್ಜಾರಿ ಪ್ರಕರಣಗಳನ್ನು ಆರು ತಿಂಗಳೊಳಗೆ ಮುಗಿಸಬೇಕು, ಆಗದಿದ್ದರೆ ಕಾರಣ ಬರೆಯಬೇಕು ಎಂದು 2021ರಲ್ಲಿ ಸುಪ್ರೀಂ ಕೋರ್ಟ್ ನಿರ್ದೇಶನ ಕೊಟ್ಟಿದೆ. ಹಾಗಾಗಿ ಒಂದೇ ನ್ಯಾಯಾಲಯದಲ್ಲಿ ನಿಮ್ಮ ಅರ್ಜಿ ನಿಧಾನವಾಗಿಯೂ ಮಾಲೀಕರ ಅರ್ಜಿ ಬೇಗನೆಯೂ ಸಾಗುವುದು ಅಚ್ಚರಿಯಲ್ಲ.

ಇದನ್ನು ಅರಿಯಲು ನಿಮ್ಮ ವ್ಯಾಜ್ಯಕ್ಕೆ ಈಗ ಮೂರು ನಂಬರುಗಳಿವೆ ಎಂಬುದನ್ನು ಗಮನಿಸಿ. ಮೂಲ ದಾವೆಗೆ ಓ.ಎಸ್. ನಂಬರು. ಅದು ನವೆಂಬರಿನಲ್ಲಿ ಮುಗಿದಿದೆ. ಮಾಲೀಕರು ಸ್ವಾಧೀನ ಕೇಳಿ ಹಾಕಿದ ಅಮಲ್ಜಾರಿ ಅರ್ಜಿಗೆ ಬೇರೆ ನಂಬರು. ನೀವು ಜೂನ್‌ನಲ್ಲಿ ಹಾಕಿದ ಅರ್ಜಿಗೆ ಮಿಸಲೇನಿಯಸ್ ಎಂಬ ವರ್ಗದಲ್ಲಿ ಮತ್ತೊಂದು ನಂಬರು. ಮೂರಕ್ಕೂ ಬೇರೆ ಬೇರೆ ಕಡತ, ಬೇರೆ ಬೇರೆ ತಾರೀಖು. ನಿಮ್ಮ ವಕೀಲರು ಮಿಸಲೇನಿಯಸ್ ಕಡತದ ತಾರೀಖನ್ನು ಮಾತ್ರ ನೋಡಿಕೊಳ್ಳುತ್ತಿದ್ದರೆ, ಅಮಲ್ಜಾರಿ ಕಡತದಲ್ಲಿ ಏನು ಆದೇಶವಾಗುತ್ತಿದೆ ಎಂದು ತಿಳಿಯುವುದೇ ಇಲ್ಲ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಪ್ರತಿ ಪ್ರಕರಣಕ್ಕೂ ಹದಿನಾರು ಅಕ್ಷರ-ಅಂಕಿಗಳ ಸಿ.ಎನ್.ಆರ್. ಸಂಖ್ಯೆ ಇರುತ್ತದೆ. ಅಮಲ್ಜಾರಿ, ಮಿಸಲೇನಿಯಸ್ ಎರಡೂ ಪ್ರಕರಣಗಳ ಸಂಖ್ಯೆಯನ್ನು ನಿಮ್ಮ ಮೊಬೈಲ್‌ನಲ್ಲಿ ಉಳಿಸಿಕೊಂಡು, ಮುಂದಿನ ತಾರೀಖು ಮತ್ತು ಹಿಂದಿನ ದಿನದ ಆದೇಶವನ್ನು ನೀವೇ ನೋಡುತ್ತಿರಿ. ಇದಕ್ಕೆ ಯಾರ ಅನುಮತಿಯೂ ಬೇಡ.

ಅಕ್ಕಪಕ್ಕದವರ ಮಾತುಗಳು

ಹನ್ನೆರಡು ವರ್ಷ ಬಾಡಿಗೆಗಿದ್ದರೆ ಹಕ್ಕು ಬರುತ್ತದೆ ಎಂಬ ಮಾತು ನಮ್ಮ ಊರುಗಳಲ್ಲಿ ಬೇರುಬಿಟ್ಟಿದೆ. ಬಾಡಿಗೆದಾರರಿಗೆ ಅದು ಅನ್ವಯಿಸುವುದಿಲ್ಲ. ಬಾಡಿಗೆ ಕೊಡುತ್ತಿದ್ದೀರಿ ಎಂದರೆ ಮಾಲೀಕರ ಒಡೆತನವನ್ನು ಒಪ್ಪಿಕೊಂಡೇ ಒಳಗಿದ್ದೀರಿ. ಹನ್ನೆರಡಲ್ಲ, ಐವತ್ತು ವರ್ಷ ಬಾಡಿಗೆ ಕೊಟ್ಟರೂ ಅದು ಒಡೆತನವಾಗಿ ಬದಲಾಗದು. ಈ ವಾದವನ್ನು ದಯವಿಟ್ಟು ನಿಮ್ಮ ಅರ್ಜಿಯಲ್ಲಿ ಬರೆಸಬೇಡಿ. ಮಾಲೀಕರ ಹಕ್ಕನ್ನೇ ಅಲ್ಲಗಳೆಯುವ ಬಾಡಿಗೆದಾರರ ಬಗ್ಗೆ ನ್ಯಾಯಾಲಯಕ್ಕೆ ಸಹಾನುಭೂತಿ ಉಳಿಯುವುದಿಲ್ಲ.

ಕರಾರು ನವೀಕರಿಸಿಲ್ಲ, ಆದ್ದರಿಂದ ಕೇಸೇ ನಿಲ್ಲದು ಎಂಬುದೂ ತಪ್ಪು. ಹನ್ನೊಂದು ತಿಂಗಳು ಮುಗಿದ ಮೇಲೂ ಅವರು ಬಾಡಿಗೆ ಪಡೆದಿದ್ದಾರೆ, ನೀವು ಮುಂದುವರಿದಿದ್ದೀರಿ. ಅಂಥ ಬಾಡಿಗೆಯನ್ನು ಕಾನೂನು ತಿಂಗಳಿಂದ ತಿಂಗಳಿಗೆ ನಡೆಯುವ ಬಾಡಿಗೆ ಎಂದು ಪರಿಗಣಿಸುತ್ತದೆ. ಸ್ವತ್ತು ವರ್ಗಾವಣೆ ಕಾಯ್ದೆಯ ಕಲಂ 106ರ ಪ್ರಕಾರ ಅದನ್ನು ಕೊನೆಗೊಳಿಸಲು ಹದಿನೈದು ದಿನಗಳ ಲಿಖಿತ ನೋಟಿಸ್ ಸಾಕು.

ಇನ್ನೊಂದು ನಂಬಿಕೆ, ಮಾಲೀಕರು ತಮಗೆ ಜಾಗದ ಅಗತ್ಯವಿದೆಯೆಂದು ಸಾಬೀತು ಮಾಡಬೇಕು ಎಂಬುದು. ಬಾಡಿಗೆ ಕಾಯ್ದೆ ಅನ್ವಯವಾಗುವ ಕಟ್ಟಡಗಳಲ್ಲಿ ಅದು ನಿಜ. ಕರ್ನಾಟಕ ಬಾಡಿಗೆ ಕಾಯ್ದೆ 1999, ಜಾರಿಗೆ ಬಂದದ್ದು 2001ರ ಡಿಸೆಂಬರ್ 31ರಂದು, ತೆರವಿಗೆ ನಿರ್ದಿಷ್ಟ ಕಾರಣಗಳನ್ನು ಪಟ್ಟಿ ಮಾಡುತ್ತದೆ. ಆದರೆ 14 ಚದರ ಮೀಟರಿಗಿಂತ ದೊಡ್ಡ ವಾಣಿಜ್ಯ ಮಳಿಗೆಗಳನ್ನು ಆ ಕಾಯ್ದೆ ಹೊರಗಿಟ್ಟಿದೆ. ನಿಮ್ಮದು ಹನ್ನೆರಡು ಗುಣಿಸು ಹದಿನೆಂಟು, ಅಂದರೆ 216 ಚದರ ಅಡಿ, ಸುಮಾರು 20 ಚದರ ಮೀಟರ್. 14 ಚದರ ಮೀಟರ್ ಎಂದರೆ ಸುಮಾರು 150 ಚದರ ಅಡಿ ಮಾತ್ರ. ನಿಮ್ಮ ಅಂಗಡಿಗೆ ಆ ರಕ್ಷಣೆ ಇಲ್ಲ. ಮಾಲೀಕರು ಕಟ್ಟಡ ಕೆಡವುತ್ತಾರೋ ಬಿಡುತ್ತಾರೋ, ಅವರ ಕಾರಣ ಸುಳ್ಳೋ ನಿಜವೋ ಎಂಬ ಚರ್ಚೆಗೆ ನಿಮ್ಮ ಪ್ರಕರಣದಲ್ಲಿ ಜಾಗವಿಲ್ಲ. ಇದು ಕಹಿ ಎಂದು ಬಲ್ಲೆ. ಸಣ್ಣ ವ್ಯಾಪಾರಿಗಳಿಗೆ ಇಲ್ಲಿ ಕಾನೂನು ಕಠಿಣವಾಗಿದೆ ಎಂದೇ ನನ್ನ ಅಭಿಪ್ರಾಯ. ಹದಿನಾಲ್ಕು ವರ್ಷ ಕಟ್ಟಿದ ಗಿರಾಕಿಗಳನ್ನು ಹದಿನೈದು ದಿನದ ಕಾಗದ ಚದುರಿಸಬಹುದು ಎಂಬುದು ಸಣ್ಣ ಮಾತಲ್ಲ. ಆದರೂ ನಿಮ್ಮ ಲೆಕ್ಕಾಚಾರ ಇರುವ ಕಾನೂನಿನ ಮೇಲೆಯೇ ನಿಲ್ಲಬೇಕು.

ನೀವು ಬರೆದ ಒಂದು ಸಂಗತಿಯಲ್ಲಿ ಮಾತ್ರ ನಿಜವಾದ ಬಲವಿದೆ. ಅದು ಸಮನ್ಸ್ ಜಾರಿಯಾದ ರೀತಿ.

ಶಟರಿಗೆ ಅಂಟಿಸಿದ ಕಾಗದ

ಏಕಪಕ್ಷೀಯ ಡಿಕ್ರಿಯನ್ನು ರದ್ದುಪಡಿಸಲು ಆದೇಶ 9, ನಿಯಮ 13ರಲ್ಲಿ ಎರಡೇ ದಾರಿ: ಸಮನ್ಸ್ ಸರಿಯಾಗಿ ಜಾರಿಯಾಗಿರಲಿಲ್ಲ ಎಂದು ತೋರಿಸುವುದು, ಅಥವಾ ಹಾಜರಾಗದಿರಲು ಸಾಕಷ್ಟು ಕಾರಣವಿತ್ತು ಎಂದು ತೋರಿಸುವುದು. ನಿಮಗೆ ಎರಡೂ ಇವೆ.

ಬಾಗಿಲಿಗೆ ಸಮನ್ಸ್ ಅಂಟಿಸುವುದು ಅಮೀನರ ಮೊದಲ ಆಯ್ಕೆಯಾಗಬಾರದು. ವ್ಯಕ್ತಿಯನ್ನು ಹುಡುಕಲು ತಕ್ಕ ಪ್ರಯತ್ನ ಮಾಡಿರಬೇಕು. ಸಮಂಜಸ ಕಾಲದೊಳಗೆ ಸಿಗುವ ಸಾಧ್ಯತೆಯಿಲ್ಲ ಎಂದು ಖಚಿತವಾಗಿರಬೇಕು. ಯಾವ ಸಂದರ್ಭದಲ್ಲಿ ಅಂಟಿಸಿದೆ, ಜಾಗವನ್ನು ಗುರುತಿಸಿಕೊಟ್ಟವರು ಯಾರು, ಯಾರ ಎದುರಿಗೆ ಅಂಟಿಸಿದೆ ಎಂಬುದನ್ನು ಹೆಸರು, ವಿಳಾಸ ಸಮೇತ ಷರಾ ಬರೆದು ಒಪ್ಪಿಸಬೇಕು. ಆ ಷರಾವನ್ನು ನ್ಯಾಯಾಲಯ ಪರಿಶೀಲಿಸಿ, ಸಮನ್ಸ್ ಸರಿಯಾಗಿ ಜಾರಿಯಾಗಿದೆ ಎಂದು ಘೋಷಿಸಬೇಕು. ಓ.ಎಸ್. ಕಡತದಿಂದ ಈ ಷರಾ ಮತ್ತು ಪ್ರತಿ ತಾರೀಖಿನ ನಡಾವಳಿ ಬರೆದಿಡುವ ಆರ್ಡರ್ ಶೀಟಿನ ದೃಢೀಕೃತ ನಕಲು ತೆಗೆಸಿ. ‘ಬಾಗಿಲು ಹಾಕಿತ್ತು, ಅಂಟಿಸಿದೆ’ ಎಂಬ ಒಂದೇ ಸಾಲು, ಸಾಕ್ಷಿಯ ಸಹಿಯಿಲ್ಲ ಎಂದಾದರೆ ನಿಮ್ಮ ಅರ್ಜಿಗೆ ಅದಕ್ಕಿಂತ ದೊಡ್ಡ ಆಧಾರ ಬೇಕಿಲ್ಲ. ಮೂರು ಬಾರಿ ಬಂದು, ಪಕ್ಕದ ಅಂಗಡಿಯವರನ್ನು ವಿಚಾರಿಸಿ, ಅವರ ಸಹಿ ಪಡೆದಿದ್ದರೆ ನಿಮ್ಮ ಹಾದಿ ಕಷ್ಟವಾಗುತ್ತದೆ. ಅಂಚೆಯ ಮೂಲಕವೂ ಸಮನ್ಸ್ ಕಳಿಸಿದ್ದರೆ, ಲಕೋಟೆಯ ಮೇಲೆ ಅಂಚೆಯಣ್ಣ ಏನು ಬರೆದು ಹಿಂದಿರುಗಿಸಿದ್ದಾರೆ ಎಂಬುದನ್ನೂ ನೋಡಿ. ಬಾಗಿಲು ಹಾಕಿದೆ ಎಂಬ ಷರಾ ನಿಮ್ಮ ಮಾತಿಗೆ ಪೂರಕ, ತೆಗೆದುಕೊಳ್ಳಲು ನಿರಾಕರಿಸಿದರು ಎಂಬುದು ಮಾರಕ.

ಮಾಲೀಕರ ವಕೀಲರು, ‘ನೋಟಿಸ್ ಬಂದಿತ್ತು, ತೆರವಿನ ವಿಷಯ ಇವರಿಗೆ ಗೊತ್ತಿತ್ತು’ ಎಂದು ವಾದಿಸುತ್ತಾರೆ. ಜಾರಿಯಲ್ಲಿ ಸಣ್ಣ ಲೋಪವಿದ್ದರೂ, ವಿಚಾರಣೆಯ ದಿನಾಂಕ ಪ್ರತಿವಾದಿಗೆ ತಿಳಿದಿತ್ತು, ಹಾಜರಾಗಲು ಸಮಯವೂ ಇತ್ತು ಎಂದಾದರೆ ಡಿಕ್ರಿ ರದ್ದಾಗುವುದಿಲ್ಲ. ಆದರೆ ಬಾಡಿಗೆದಾರರೊಬ್ಬರ ತೆರವಿನ ಪ್ರಕರಣದಲ್ಲೇ 2002ರಲ್ಲಿ ಸುಪ್ರೀಂ ಕೋರ್ಟ್ ಒಂದು ಅಂಶವನ್ನು ಸ್ಪಷ್ಟಪಡಿಸಿತು: ಮುಖ್ಯವಾದದ್ದು ವಿಚಾರಣೆಯ ದಿನಾಂಕದ ಅರಿವು, ದಾವೆಯೊಂದು ಇದೆ ಎಂಬ ಅರಿವಷ್ಟೇ ಸಾಲದು. ವಕೀಲರ ನೋಟಿಸ್ ದಾವೆಗೂ ಹಿಂದಿನದು. ಅದರಲ್ಲಿ ವಿಚಾರಣೆಯ ದಿನಾಂಕ ಇರಲು ಸಾಧ್ಯವೇ ಇಲ್ಲ.

ನೀವು ಧಾರವಾಡದಲ್ಲಿದ್ದಿರಿ ಎಂಬುದಕ್ಕೆ ಕಾಗದ ಬೇಕು. ಮಗಳ ಆಸ್ಪತ್ರೆಯ ಡಿಸ್ಚಾರ್ಜ್ ಪತ್ರ, ಮಗುವಿನ ಲಸಿಕೆ ಕಾರ್ಡ್, ಪ್ರಯಾಣದ ಟಿಕೆಟ್ ಇದ್ದರೆ ಸರಿ. ಇವೆಲ್ಲಕ್ಕಿಂತ ನಾನು ಹೆಚ್ಚು ನಂಬುವುದು ಅಂಗಡಿಯ ಬೆಸ್ಕಾಂ ಬಿಲ್ಲನ್ನು. ಎರಡು ಹೊಲಿಗೆ ಯಂತ್ರ, ಇಸ್ತ್ರಿ ಪೆಟ್ಟಿಗೆ, ದೀಪಗಳು ದಿನವಿಡೀ ಓಡುವ ಅಂಗಡಿಯಲ್ಲಿ ಆ ಎರಡು ತಿಂಗಳು ಯೂನಿಟ್‌ಗಳು ನೆಲ ಕಚ್ಚಿದ್ದರೆ, ಅಂಗಡಿ ಮುಚ್ಚಿತ್ತು ಎಂಬುದಕ್ಕೆ ಬೇರೆ ಸಾಕ್ಷಿ ಹುಡುಕಬೇಕಿಲ್ಲ. ಹಿಂದಿನ ಆರು ತಿಂಗಳ ಬಿಲ್ಲುಗಳನ್ನೂ ಜೊತೆಗಿಡಿ, ವ್ಯತ್ಯಾಸ ಕಣ್ಣಿಗೆ ಬೀಳಲಿ.

ತಡ ಎಲ್ಲಿ ಆಯಿತು

ಈಗ ನಿಮ್ಮ ಕಡೆಯ ತೊಡಕು. ಡಿಕ್ರಿ ರದ್ದತಿಯ ಅರ್ಜಿಗೆ ಕಾಲಾವಕಾಶ 30 ದಿನ. ಡಿಕ್ರಿಯ ದಿನದಿಂದ ಲೆಕ್ಕ. ಸಮನ್ಸ್ ಸರಿಯಾಗಿ ಜಾರಿಯಾಗಿರಲಿಲ್ಲ ಎಂದಾದರೆ ಡಿಕ್ರಿಯ ವಿಷಯ ತಿಳಿದ ದಿನದಿಂದ ಲೆಕ್ಕ. ನಿಮಗೆ ತಿಳಿದದ್ದು ಏಪ್ರಿಲ್ ಮೊದಲ ವಾರ. ಮೇ ಮೊದಲ ವಾರಕ್ಕೆ ಅವಧಿ ಮುಗಿಯಿತು. ಆಗ ನ್ಯಾಯಾಲಯಕ್ಕೆ ಬೇಸಿಗೆ ರಜೆ ಇದ್ದಿದ್ದರೆ, ರಜೆ ಮುಗಿದು ಬಾಗಿಲು ತೆರೆದ ದಿನವೇ ಸಲ್ಲಿಸಿದ ಅರ್ಜಿಯೂ ಅವಧಿಯೊಳಗಿನದೇ ಎಂದು ಎಣಿಕೆಯಾಗುತ್ತಿತ್ತು. ನಿಮ್ಮ ವಕೀಲರು ನಕಲಿಗಾಗಿ ಕಾದರು. ಮೇಲ್ಮನವಿಯಲ್ಲಿ ನಕಲು ಪಡೆಯಲು ಹಿಡಿದ ದಿನಗಳನ್ನು ಅವಧಿಯಿಂದ ಕಳೆಯಲು ಕಾಲಮಿತಿ ಕಾಯ್ದೆಯ ಕಲಂ 12 ಅವಕಾಶ ಕೊಡುತ್ತದೆ. ಆದರೆ ಏಕಪಕ್ಷೀಯ ಡಿಕ್ರಿ ರದ್ದತಿಯ ಅರ್ಜಿಗೆ ಆ ಸೌಲಭ್ಯ ಇಲ್ಲ. ಈ ವ್ಯತ್ಯಾಸವನ್ನು ಅನುಭವಿಗಳೂ ಮರೆಯುವುದುಂಟು. ಹೀಗಾಗಿ ನಿಮ್ಮ ಅರ್ಜಿಯ ಜೊತೆ ಕಲಂ 5ರ ಅಡಿ ವಿಳಂಬ ಮನ್ನಾ ಅರ್ಜಿ ಇರಲೇಬೇಕು. ಇದೆಯೇ ಎಂದು ಇಂದೇ ವಿಚಾರಿಸಿ.

ಇದ್ದರೆ ಅದರ ಪ್ರಮಾಣಪತ್ರವನ್ನು ಒಮ್ಮೆ ಓದಿ. ವಿಳಂಬವನ್ನು ತಿಳಿದ ದಿನದಿಂದ ಮಾತ್ರ ಲೆಕ್ಕ ಹಾಕಿದ್ದರೆ ಅಪಾಯವಿದೆ. ಸಮನ್ಸ್ ಸರಿಯಾಗಿಯೇ ಜಾರಿಯಾಗಿದೆ ಎಂದು ನ್ಯಾಯಾಲಯ ಅಭಿಪ್ರಾಯಪಟ್ಟರೆ ನವೆಂಬರಿನಿಂದ ಲೆಕ್ಕ ಶುರುವಾಗುತ್ತದೆ, ಆ ತಿಂಗಳುಗಳಿಗೆ ನಿಮ್ಮ ಬಳಿ ಉತ್ತರವೇ ಇರುವುದಿಲ್ಲ. ಡಿಕ್ರಿಯ ದಿನದಿಂದ ಅರ್ಜಿಯ ದಿನದವರೆಗೆ ಇಡೀ ಅವಧಿಗೆ ಮನ್ನಾ ಕೇಳುವುದು ಕ್ಷೇಮ. ‘ಅನಿವಾರ್ಯ ಕಾರಣಗಳಿಂದ’ ಎಂಬಂಥ ಸಿದ್ಧ ವಾಕ್ಯಗಳು ಬೇಡ. ಅಮೀನರು ಬಂದ ದಿನ, ವಕೀಲರನ್ನು ಕಂಡ ದಿನ, ನಕಲಿಗೆ ಅರ್ಜಿ ಕೊಟ್ಟ ದಿನ, ನಕಲು ಕೈಸೇರಿದ ದಿನ, ಹೀಗೆ ದಿನಾಂಕಗಳೇ ಮಾತನಾಡಲಿ. ವಿಳಂಬದ ವಿಷಯದಲ್ಲಿ ಉದಾರವಾಗಿರಬೇಕು, ಪ್ರತಿ ದಿನದ ವಿವರಣೆ ಎಂಬುದನ್ನು ಅಕ್ಷರಶಃ ಹಿಡಿಯಬಾರದು ಎಂದು ಸುಪ್ರೀಂ ಕೋರ್ಟ್ 1987ರಲ್ಲೇ ಹೇಳಿದೆ. ಆ ಔದಾರ್ಯ ಸಿಗುವುದು ವಿವರ ಕೊಟ್ಟವರಿಗೆ.

ಎಲ್ಲ ತಪ್ಪನ್ನೂ ವಕೀಲರ ಮೇಲೆ ಹೊರಿಸಿದರೆ ಆಗುತ್ತದೆಯೇ ಎಂದು ನೀವು ಕೇಳಿಲ್ಲ, ಆದರೆ ಕೇಳುವವರು ಬಹಳ. ವಕೀಲರ ಲೋಪಕ್ಕೆ ಅಮಾಯಕ ಕಕ್ಷಿದಾರ ಬಲಿಯಾಗಬಾರದು ಎಂದು 1981ರಲ್ಲಿ ಹೇಳಿದ ಅದೇ ಸುಪ್ರೀಂ ಕೋರ್ಟ್, 1993ರ ತೀರ್ಪೊಂದರಲ್ಲಿ ವಕೀಲರನ್ನು ದೂರಿ ಕೈತೊಳೆದುಕೊಳ್ಳುವುದು ಎಲ್ಲ ಸಂದರ್ಭದಲ್ಲೂ ನಡೆಯದು ಎಂದಿತು. ಎರಡನೆಯದೂ ತೆರವಿನ ದಾವೆಯೇ. ಅಲ್ಲಿ ಬಾಡಿಗೆದಾರ ಒಂದು ಕಂಪನಿ. ನಿಮ್ಮ ಸ್ಥಿತಿ ಬೇರೆ ಎಂದು ವಾದಿಸಬಹುದು. ಆದರೆ ನೋಟಿಸ್ ಕೊಟ್ಟ ಮೇಲೆ ಏನಾಯಿತು ಎಂದು ನೀವು ವಿಚಾರಿಸಿದ್ದಿರಿ ಎಂಬುದಕ್ಕೆ ಒಂದು ವಾಟ್ಸ್‌ಆ್ಯಪ್ ಸಂದೇಶವಾದರೂ ಇದ್ದರೆ ಜೋಪಾನ ಮಾಡಿ.

ಜೂನ್‌ನಿಂದ ಅರ್ಜಿ ಏಕೆ ನಿಂತಲ್ಲೇ ನಿಂತಿದೆ? ನ್ಯಾಯಾಧೀಶರ ವರ್ಗಾವಣೆ, ಖಾಲಿ ಹುದ್ದೆ, ದಿನಕ್ಕೆ ನೂರರಷ್ಟು ಕಡತ ಹಿಡಿದ ಪಟ್ಟಿ, ಇವೆಲ್ಲ ನಿಜ. ಆದರೆ ಕಾರಣ ಹಲವು ಬಾರಿ ಇನ್ನೂ ಹತ್ತಿರದಲ್ಲಿರುತ್ತದೆ. ಇಂಥ ಅರ್ಜಿಯಲ್ಲಿ ಎದುರು ಪಕ್ಷಕ್ಕೆ ನೋಟಿಸ್ ಜಾರಿಯಾಗದೆ ಆದೇಶ ಮಾಡುವಂತಿಲ್ಲ. ನೋಟಿಸಿಗೆ ನಿಮ್ಮ ಕಡೆಯಿಂದ ಪ್ರೊಸೆಸ್ ಫೀ ಕಟ್ಟಬೇಕು. ಕಟ್ಟದಿದ್ದರೆ ನೋಟಿಸ್ ಹೊರಡುವುದೇ ಇಲ್ಲ, ಎರಡು-ಮೂರು ತಾರೀಖುಗಳು ಅದರಲ್ಲೇ ಕಳೆಯುತ್ತವೆ. ಆಮೇಲೆ ತಕರಾರಿಗೆ ಸಮಯ, ನಿಮ್ಮ ಸಾಕ್ಷ್ಯ, ಪಾಟೀಸವಾಲು, ವಾದ. ಮಿಸಲೇನಿಯಸ್ ಕಡತದ ಆರ್ಡರ್ ಶೀಟಿನ ನಕಲು ತೆಗೆದು ಸಾಲು ಸಾಲಾಗಿ ಓದಿ. ಯಾವ ತಾರೀಖಿನಲ್ಲಿ ಯಾರು ಸಮಯ ಕೇಳಿದರು ಎಂಬುದು ಅಲ್ಲಿದೆ. ‘ಅರ್ಜಿದಾರರು ಗೈರು, ಪರ ವಕೀಲರು ಗೈರು’ ಎಂದು ಎರಡು ಕಡೆ ಇದ್ದರೂ ಅರ್ಜಿ ವಜಾ ಆಗುವ ಅಂಚಿನಲ್ಲಿದೆ ಎಂದು ತಿಳಿಯಿರಿ. ಗೈರಿನ ಕಾರಣದಿಂದ ವಜಾ ಆದರೆ, ಅದನ್ನು ಪುನಃ ಊರ್ಜಿತಗೊಳಿಸಲು ನಾಲ್ಕನೆಯ ನಂಬರಿನ ಅರ್ಜಿ ಬೇಕಾಗುತ್ತದೆ.

ಹೀಗೆ ಎಳೆದಷ್ಟೂ ಬಾಡಿಗೆದಾರರಿಗೆ ಲಾಭ ಎಂಬ ಲೆಕ್ಕ, ತಡೆಯಾಜ್ಞೆ ಇದ್ದವರಿಗೇ ಪೂರ್ತಿ ಸರಿಹೋಗುವುದಿಲ್ಲ. ಡಿಕ್ರಿಯ ನಂತರ ನೀವು ಕೊಡಬೇಕಾದದ್ದು ಹಳೆಯ ಬಾಡಿಗೆಯಷ್ಟೇ ಆಗಿರಬೇಕಿಲ್ಲ. ದೆಹಲಿಯ ಆತ್ಮಾರಾಮ್ ಪ್ರಾಪರ್ಟೀಸ್ ಪ್ರಕರಣದಲ್ಲಿ ಮಳಿಗೆಯ ಬಾಡಿಗೆ ತಿಂಗಳಿಗೆ 371 ರೂಪಾಯಿ 90 ಪೈಸೆ ಇತ್ತು. ತೆರವಿಗೆ ತಡೆ ಬೇಕಿದ್ದರೆ ತಿಂಗಳಿಗೆ 15,000 ರೂಪಾಯಿ ಠೇವಣಿ ಇಡಬೇಕು ಎಂಬ ಷರತ್ತನ್ನು 2004ರಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ನಿಮ್ಮ ಬೀದಿಯಲ್ಲಿ ಅಂಥ ಮಳಿಗೆಗೆ ಇಂದು 18,000 ಬಾಡಿಗೆ ನಡೆಯುತ್ತಿದೆ ಎಂದುಕೊಳ್ಳಿ. ಡಿಕ್ರಿಯ ನಂತರದ ಹತ್ತು ತಿಂಗಳಿಗೆ ಆ ದರದಲ್ಲಿ 1,80,000 ರೂಪಾಯಿ. ನಿಮ್ಮ ಮುಂಗಡ ಅದರಲ್ಲೇ ಕರಗಿ ಮೇಲೆ ಮೂವತ್ತು ಸಾವಿರ ಬಾಕಿ ನಿಲ್ಲುತ್ತದೆ. ತಡವಾದ ಪ್ರತಿ ತಿಂಗಳೂ ಈ ಮೊತ್ತಕ್ಕೆ ಸೇರುತ್ತದೆ.

ಈಗ ಏನು ಮಾಡಬಹುದು

ಮೊದಲನೆಯದು, ಈಗಿರುವ ಅರ್ಜಿಯಲ್ಲೇ ಅಮಲ್ಜಾರಿಗೆ ತಡೆ ಕೇಳಿ ಮಧ್ಯಂತರ ಅರ್ಜಿ ಹಾಕುವುದು. ತುರ್ತಿನ ಕಾರಣ ಕೊಟ್ಟು, ಮುಂದಿನ ತಾರೀಖಿಗೆ ಕಾಯದೆ ಕಡತವನ್ನು ಮುಂಚಿತವಾಗಿ ಕರೆಸಿಕೊಳ್ಳುವಂತೆ ಕೋರಬಹುದು. ಇಲ್ಲಿ ನಿಮ್ಮ ಪರವಾದ ಬಲವಾದ ಅಂಶ ಒಂದಿದೆ. ಸ್ವಾಧೀನ ಕಳೆದುಕೊಂಡ ಮೇಲೆ ಡಿಕ್ರಿ ರದ್ದಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 144ರ ಅಡಿ ಜಾಗವನ್ನು ಮರಳಿ ಕೇಳಬಹುದು. ಆದರೆ ಮಾಲೀಕರು ಕಟ್ಟಡವನ್ನೇ ಕೆಡವಲು ಹೊರಟಿದ್ದಾರೆ. ಕೆಡವಿದ ಮೇಲೆ ಮರಳಿ ಕೊಡಲು ಏನು ಉಳಿಯುತ್ತದೆ? ಅವರ ನೋಟಿಸನ್ನೇ ತೋರಿಸಿ ನಿಮ್ಮ ವಕೀಲರು ಇದನ್ನು ವಾದಿಸಲಿ. ಜೊತೆಗೆ, ನವೆಂಬರಿನಿಂದ ಬಾಕಿ ಇರುವ 9,000ದಂತೆ ಹಣವನ್ನು ನ್ಯಾಯಾಲಯದಲ್ಲಿ ಠೇವಣಿ ಇಡಲು ಸಿದ್ಧ ಎಂದು ನೀವೇ ಮುಂದಾಗಿ ಬರೆದುಕೊಡಿ. ಬಾಡಿಗೆಯನ್ನು ಅವರು ನಿರಾಕರಿಸಿದರು ಎಂಬುದು ನಿಮ್ಮನ್ನು ಕಾಯುವುದಿಲ್ಲ. ತಿಂಗಳ ಮೊದಲ ವಾರ ಅವರ ಬ್ಯಾಂಕ್ ಖಾತೆಗೆ ಕಳಿಸಿ ನೋಡಿ, ಹಿಂದಿರುಗಿದರೆ ಆ ದಾಖಲೆ ಇರಲಿ. ಕೈಯಲ್ಲಿ ಹಣ ಹಿಡಿದು ಬಂದ ಬಾಡಿಗೆದಾರರಿಗೆ ತಡೆಯಾಜ್ಞೆ ಸಿಗುವ ಸಾಧ್ಯತೆ, ಬರಿಗೈಯಲ್ಲಿ ಬಂದವರಿಗಿಂತ ಎಷ್ಟೋ ಹೆಚ್ಚು.

ತಡೆಯಾಜ್ಞೆ ಸಿಕ್ಕರೆ ಅಲ್ಲಿಗೆ ಮುಗಿಯಲಿಲ್ಲ. ಅದರ ದೃಢೀಕೃತ ನಕಲನ್ನು ಅಮಲ್ಜಾರಿ ಕಡತಕ್ಕೆ ಹಾಜರುಪಡಿಸಬೇಕು. ವಾರಂಟ್ ಆಗಲೇ ಹೊರಟಿದ್ದರೆ, ಅಮೀನರಿಗೆ ವಾರಂಟ್ ಹಂಚುವ ನಜಾರತ್ ಶಾಖೆಗೂ ಮುಟ್ಟಿಸಬೇಕು. ಒಂದು ಪ್ರತಿ ಅಂಗಡಿಯ ಗಲ್ಲಾಪೆಟ್ಟಿಗೆಯಲ್ಲಿರಲಿ. ಆರು ತಿಂಗಳಿಗೆ ತಡೆಯಾಜ್ಞೆ ತಾನಾಗಿಯೇ ಬಿದ್ದುಹೋಗುತ್ತದೆ ಎಂದು ಯಾರಾದರೂ ಹೆದರಿಸಿದರೆ, ಹಾಗೆ ಹೇಳಿದ್ದ 2018ರ ತೀರ್ಪನ್ನು 2024ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ತಳ್ಳಿಹಾಕಿದೆ ಎಂದು ಹೇಳಿ. ಆದರೆ ಆದೇಶದಲ್ಲೇ ‘ಮುಂದಿನ ತಾರೀಖಿನವರೆಗೆ’ ಎಂದಿದ್ದರೆ, ಪ್ರತಿ ತಾರೀಖಿನಲ್ಲೂ ವಿಸ್ತರಿಸಿದ್ದಾರೆಯೇ ಎಂದು ನೋಡಿಕೊಳ್ಳುವುದು ನಿಮ್ಮ ಹೊಣೆ.

ಎರಡನೆಯದು ಮೇಲ್ಮನವಿ. ಏಕಪಕ್ಷೀಯ ಡಿಕ್ರಿಯ ಮೇಲೂ ಮೇಲ್ಮನವಿ ಉಂಟು. ಆದರೆ ನಿಮಗೆ ನಾನು ಅದನ್ನು ಈಗ ಸೂಚಿಸುವುದಿಲ್ಲ. ಅದಕ್ಕೆ ಜಿಲ್ಲಾ ಮಟ್ಟದಲ್ಲಿ 30 ದಿನಗಳ ಅವಧಿ, ನೀವು ಅದನ್ನು ದಾಟಿ ತಿಂಗಳುಗಳಾಗಿವೆ. ಅವಧಿ ಮೀರಿದ ಮೇಲ್ಮನವಿಯಲ್ಲಿ, ಮೇಲ್ಮನವಿಯನ್ನು ವಿಚಾರಣೆಗೆ ತೆಗೆದುಕೊಳ್ಳಬೇಕು ಎಂದು ನ್ಯಾಯಾಲಯ ತೀರ್ಮಾನಿಸುವವರೆಗೆ ಅಮಲ್ಜಾರಿಗೆ ತಡೆ ಕೊಡುವಂತಿಲ್ಲ. ಆದೇಶ 41ರ ನಿಯಮ 3ಎ ಹಾಗೆ ಕೈ ಕಟ್ಟಿದೆ. ಅಂದರೆ ನಿಮಗೆ ತುರ್ತಾಗಿ ಬೇಕಾದದ್ದೇ ಅಲ್ಲಿ ತಡವಾಗಿ ಸಿಗುವ ವಸ್ತು. ಅದಕ್ಕಿಂತ ದೊಡ್ಡ ಅಪಾಯವೆಂದರೆ, ಮೇಲ್ಮನವಿ ಮೊದಲು ವಜಾ ಆಗಿಬಿಟ್ಟರೆ ಈಗಿನ ರದ್ದತಿ ಅರ್ಜಿಯೂ ಅದರೊಂದಿಗೆ ಮುಳುಗುತ್ತದೆ. ರದ್ದತಿ ಅರ್ಜಿಯೇ ವಜಾ ಆದರೆ ಆ ಆದೇಶದ ಮೇಲೆ ಪ್ರತ್ಯೇಕ ಮೇಲ್ಮನವಿಗೆ ಅವಕಾಶವಿದೆ. ಆಗ 30 ದಿನ ಎಂಬುದನ್ನು ಮಾತ್ರ ಮತ್ತೆ ತಪ್ಪಿಸಿಕೊಳ್ಳಬೇಡಿ.

ಮೂರನೆಯದನ್ನು ಹೇಳುವ ಮುನ್ನ ಒಂದು ಪ್ರಶ್ನೆ ಕೇಳಬೇಕು. ಡಿಕ್ರಿ ರದ್ದಾಯಿತು ಎಂದುಕೊಳ್ಳೋಣ. ದಾವೆ ಮತ್ತೆ ಆರಂಭದ ಹಂತಕ್ಕೆ ಬರುತ್ತದೆ, ನೀವು ಲಿಖಿತ ಹೇಳಿಕೆ ಸಲ್ಲಿಸುತ್ತೀರಿ. ಅದರಲ್ಲಿ ಏನು ಬರೆಯುತ್ತೀರಿ? ಬಾಡಿಗೆ ಕಾಯ್ದೆಯ ರಕ್ಷಣೆ ಇಲ್ಲ, ಹದಿನೈದು ದಿನದ ನೋಟಿಸ್ ತಲುಪಿದೆ. ಮಗ ಒಬ್ಬನೇ ವಾರಸುದಾರನಲ್ಲ ಎಂದರೂ, ಸಹ ಮಾಲೀಕರಲ್ಲಿ ಒಬ್ಬರು ತೆರವಿನ ದಾವೆ ಹೂಡಬಹುದು ಎಂಬುದು ಸ್ಥಿರಪಟ್ಟ ಮಾತು. ನೋಟಿಸಿನಲ್ಲಿ ಗಂಭೀರ ದೋಷವಿದ್ದರೆ, ಅಥವಾ ನಿಗದಿತ ವರ್ಷಗಳ ನೋಂದಾಯಿತ ಕರಾರು ಇದ್ದಿದ್ದರೆ ಬೇರೆ ಮಾತು. ನಿಮ್ಮ ಪತ್ರದಲ್ಲಿ ಅಂಥದ್ದು ಕಾಣುವುದಿಲ್ಲ. ಹಾಗಾದರೆ ಈ ಹೋರಾಟದಲ್ಲಿ ನಿಮಗೆ ದಕ್ಕಬಹುದಾದದ್ದು ಸಮಯ ಮತ್ತು ಮುಂಗಡ, ಅಂಗಡಿಯಲ್ಲ. ಇದನ್ನು ಒಪ್ಪಿಕೊಂಡು ಯೋಚಿಸಿದರೆ ದಾರಿ ಸರಳವಾಗುತ್ತದೆ.

ಆ ಮೂರನೆಯ ದಾರಿ ರಾಜಿ. ಮಾಲೀಕರಿಗೂ ಈ ವಿಳಂಬ ಬೇಡವಾಗಿದೆ. ನಿಮ್ಮ ಅರ್ಜಿ ಇತ್ಯರ್ಥವಾಗಿ, ಮೇಲ್ಮನವಿ ಮುಗಿದು, ಕಟ್ಟಡ ಕೈಗೆ ಬರುವವರೆಗೆ ಅವರ ನಿರ್ಮಾಣದ ವೆಚ್ಚ ಏರುತ್ತಲೇ ಇರುತ್ತದೆ. ಹೀಗಾಗಿ ಎಂಟು ತಿಂಗಳೋ ಒಂದು ವರ್ಷವೋ ಕಾಲಾವಕಾಶ, ಅಲ್ಲಿಯವರೆಗೆ ಒಪ್ಪಿದ ಬಾಡಿಗೆ, ಹಿಂದಿನ ತಿಂಗಳುಗಳಿಗೆ ಹೆಚ್ಚುವರಿ ಹಣದ ಬೇಡಿಕೆ ಇಲ್ಲ, ಬೀಗದ ಕೈ ಕೊಡುವ ದಿನವೇ ಮುಂಗಡ ವಾಪಸ್, ಈ ಬಗೆಯ ಷರತ್ತುಗಳು ಕೇಳಬಾರದಂಥವಲ್ಲ. ಹೊಸ ಕಟ್ಟಡದಲ್ಲಿ ಒಂದು ಮಳಿಗೆ ಎಂಬುದನ್ನೂ ಕೇಳಿ. ಬಾಯಿಮಾತಿನ ಭರವಸೆಯಾದರೆ ನೆಚ್ಚಬೇಡಿ. ಯಾವ ಮಹಡಿ, ಎಷ್ಟು ಅಳತೆ, ಯಾವ ಬಾಡಿಗೆ, ಯಾವಾಗ ಎಂಬುದು ರಾಜಿ ಅರ್ಜಿಯಲ್ಲೇ ಬರೆದಿರಬೇಕು. ಮುಂಗಡದ ಮಾತನ್ನು ಒತ್ತಿ ಹೇಳಲು ಕಾರಣವಿದೆ: ತೆರವಿನ ಡಿಕ್ರಿಗಳಲ್ಲಿ ಮುಂಗಡದ ಪ್ರಸ್ತಾಪವೇ ಇಲ್ಲದಿರುವುದು ಸಾಮಾನ್ಯ. ನೀವು ಹಾಜರಿದ್ದು ಕೇಳಿಲ್ಲವಾದ್ದರಿಂದ ನಿಮ್ಮ ಡಿಕ್ರಿಯಲ್ಲೂ ಇರಲಿಕ್ಕಿಲ್ಲ. ಆಗ ಅದಕ್ಕಾಗಿ ನೀವೇ ಬೇರೆ ದಾವೆ ಹೂಡಬೇಕಾಗುತ್ತದೆ.

ರಾಜಿಯನ್ನು ನ್ಯಾಯಾಲಯದಲ್ಲೋ ಲೋಕ ಅದಾಲತ್‌ನಲ್ಲೋ ದಾಖಲಿಸಿ. ಇಂಥ ದಿನದೊಳಗೆ ಖಾಲಿ ಮಾಡುತ್ತೇನೆ ಎಂದು ಮುಚ್ಚಳಿಕೆ ಬರೆದುಕೊಟ್ಟರೆ ಅದನ್ನು ಪಾಲಿಸಲೇಬೇಕು. ತಪ್ಪಿದರೆ ನ್ಯಾಯಾಂಗ ನಿಂದನೆಯವರೆಗೆ ಹೋಗಬಹುದು. ಹಾಗಾಗಿ ದೀಪಾವಳಿ, ಮದುವೆ ಸುಗ್ಗಿ ಮುಗಿಯುವಂತೆ, ನಿಮ್ಮ ಕಸುಬಿನ ಲೆಕ್ಕ ಹಾಕಿ ದಿನ ಕೇಳಿ. ಬೇರೆ ಮಳಿಗೆ ಹುಡುಕಲು, ಗಿರಾಕಿಗಳಿಗೆ ಹೊಸ ವಿಳಾಸ ತಿಳಿಸಲು ಅದು ಸಾಕೇ ಎಂದು ಯೋಚಿಸಿ ಸಹಿ ಹಾಕಿ.

ಕೆಲವರು ನಿಮಗೆ ಇನ್ನೊಂದು ಉಪಾಯ ಹೇಳಬಹುದು: ತಮ್ಮನನ್ನೋ ನಾದಿನಿಯನ್ನೋ ಒಳಗೆ ಕೂರಿಸಿ, ‘ನಾವೇ ನಿಜವಾದ ಬಾಡಿಗೆದಾರರು’ ಎಂದು ಅಮೀನರಿಗೆ ಅಡ್ಡಿಪಡಿಸಿ ಎಂದು. ಅದಕ್ಕೆ ಒಪ್ಪಬೇಡಿ. ನ್ಯಾಯವಾದ ಕಾರಣವಿಲ್ಲದೆ ಅಡ್ಡಿ ಮಾಡಿದವರನ್ನು 30 ದಿನಗಳವರೆಗೆ ಸಿವಿಲ್ ಸೆರೆಯಲ್ಲಿಡುವ ಅಧಿಕಾರ ಅಮಲ್ಜಾರಿ ನ್ಯಾಯಾಲಯಕ್ಕಿದೆ. ಸಮನ್ಸ್ ವಿಷಯದಲ್ಲಿ ನಿಮ್ಮದು ಪ್ರಾಮಾಣಿಕ ಪ್ರಕರಣ. ಅಂಥ ಒಂದು ನಾಟಕ ಅದನ್ನೂ ಅನುಮಾನಕ್ಕೆ ತಳ್ಳುತ್ತದೆ.

ಈಗಿನ ವಕೀಲರ ಮೇಲೆ ವಿಶ್ವಾಸ ಉಳಿದಿಲ್ಲವೆಂದಾದರೆ ಬದಲಾಯಿಸುವುದು ನಿಮ್ಮ ಹಕ್ಕು. ಕಡತವನ್ನು ಮತ್ತು ಒಪ್ಪಿಗೆಯನ್ನು ಕೇಳಿ ಪಡೆಯಿರಿ, ಕೊಡದಿದ್ದರೆ ನ್ಯಾಯಾಲಯದ ಅನುಮತಿಯಿಂದ ಹೊಸ ವಕಾಲತ್ತು ಹಾಕಬಹುದು. ಶುಲ್ಕದ ಚಿಂತೆಯಿದ್ದರೆ ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋಗಿ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ ಪ್ರಕಾರ ಮಹಿಳೆಯರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಸಿಗುತ್ತದೆ, ಸಹಾಯವಾಣಿ 15100. ಹೋಗುವಾಗ ವಾರಂಟಿನ ನಕಲು, ತೀರ್ಪು, ಜೂನ್‌ನ ಅರ್ಜಿಯ ಪ್ರತಿ, ಹಳೆಯ ಕರಾರು, ಬಾಡಿಗೆ ಕೊಟ್ಟ ದಾಖಲೆ, ಬೆಸ್ಕಾಂ ಬಿಲ್ಲುಗಳು ಇಷ್ಟನ್ನೂ ಒಯ್ಯಿರಿ. ಅಮಲ್ಜಾರಿ ಪ್ರಕರಣದ ಮುಂದಿನ ತಾರೀಖು ಯಾವುದು ಎಂಬುದನ್ನು ಹೊರಡುವ ಮುಂಚೆಯೇ ಆ್ಯಪ್‌ನಲ್ಲಿ ನೋಡಿ ಬರೆದುಕೊಳ್ಳಿ, ಏಕೆಂದರೆ ತಡೆಯಾಜ್ಞೆಯ ಅರ್ಜಿ ಆ ದಿನಕ್ಕೆ ಮೊದಲೇ ನ್ಯಾಯಾಧೀಶರ ಮುಂದಿರಬೇಕು.